ಕೂಚುಭಟ್ಟನ ಕಾಯಿಲೆಗೆ ಮಾಯಾಲೋಕದ ಮದ್ದು

ಅದೊಂದು ವಿಚಿತ್ರ ಪಟ್ಟಣ. ಅಲ್ಲಿನ ಮನೆಗಳು ಯಾರೋ ಮೂಟೆಯಿಂದ ಸುರಿದು ಹೋದಂತೆ ಅಡ್ಡಾದಿಡ್ಡಿಯಾಗಿವೆ. ಬೀದಿಗಳಿಗೆ ಗೊತ್ತು ಗುರಿಯಿಲ್ಲ. ಜನರ ವೇಷವಂತೂ ಇನ್ನೂ ವಿಚಿತ್ರ. ಒಬ್ಬ ಹಾಸಿಗೆಯ ಹೊದಿಕೆಯನ್ನೇ ಸುತ್ತಿಕೊಂಡಿದ್ದರೆ ಇನ್ನೊಬ್ಬನಿಗೆ ದೀಪದ ಮುಸುಕೇ ಟೋಪಿ. ಯಾರಿಗೂ ಯಾರೊಡನೆಯೂ ಮಾತಿಲ್ಲ. ಒಂದು ಕಡೆ ಕೆಲವರು ಕೂತು ದಾಳ ಎಸೆಯುತ್ತಿದ್ದಾರೆ. ಆ ದಾಳಗಳ ಮೇಲೆ ಚುಕ್ಕಿಗಳಿಲ್ಲ, ಅಕ್ಷರಗಳಿವೆ. ಬಿದ್ದ ಅಕ್ಷರಗಳನ್ನು ದಿಟ್ಟಿಸಿ ನೋಡುತ್ತಾರೆ, ಮತ್ತೆ ಎಸೆಯುತ್ತಾರೆ. ಇವರನ್ನೆಲ್ಲ ನೋಡಿಕೊಳ್ಳುವುದು ಆರ್ಗಾಕ್ಸ್ ಎಂಬ ಕೋತಿ.

ಯಾರು ಇವರು? ಒಂದು ಕಾಲಕ್ಕೆ ನಮ್ಮ ನಿಮ್ಮಂತೆಯೇ ಈ ಲೋಕದಲ್ಲಿದ್ದವರು. ಕಥೆಗಳ ಲೋಕದೊಳಗೆ ಹೋದರು, ಬೇಕಾದ್ದನ್ನೆಲ್ಲ ಬಯಸಿದರು, ಬಯಸಿದ್ದೆಲ್ಲ ಸಿಕ್ಕಿತು. ಆದರೆ ಹೊರಗೆ ಬರುವ ದಾರಿ ಮರೆತುಹೋಯಿತು. ದಾರಿಯೊಂದೇ ಅಲ್ಲ, ಮನೆ, ತಾಯಿ ತಂದೆ, ಕೊನೆಗೆ ಸ್ವಂತ ಹೆಸರೂ ಮರೆತುಹೋಯಿತು. ಈಗ ಅವರಿಗೆ ವಯಸ್ಸಾಗುವುದಿಲ್ಲ, ಏನೂ ಬದಲಾಗುವುದಿಲ್ಲ. ತಮ್ಮದೆಂಬ ಕಥೆಯೇ ಉಳಿದಿಲ್ಲವಾದ್ದರಿಂದ ದಾಳ ಎಸೆದು ಅಕ್ಷರಗಳಿಂದ ಕಥೆ ಬರಲೆಂದು ಕಾಯುತ್ತಾರೆ.

ಜರ್ಮನ್ ಲೇಖಕ ಮಿಖಾಯೆಲ್ ಎಂಡೆ 1979ರಲ್ಲಿ ಪ್ರಕಟಿಸಿದ ‘ಮುಗಿಯದ ಕಥೆ’ ಎಂಬ ಕಾದಂಬರಿಯ ‘ಮುದಿ ಚಕ್ರವರ್ತಿಗಳ ಪಟ್ಟಣ’ ಇದು. ಓದುಗರಿಗೆ ತಗಲುವ ಕಾಯಿಲೆಗಳನ್ನು ಸಾಹಿತ್ಯದಲ್ಲಿ ಅನೇಕರು ಕಲ್ಪಿಸಿದ್ದಾರೆ. ಆದರೆ ಆ ಕಾಯಿಲೆಯ ಲಕ್ಷಣ, ಕಾರಣ, ಚಿಕಿತ್ಸೆ ಎಲ್ಲವನ್ನೂ ಒಬ್ಬ ಅನುಭವಿ ವೈದ್ಯನಂತೆ ಕ್ರಮವಾಗಿ ಬರೆದವನು ಎಂಡೆ.

ನಮಗೂ ಈ ಕಾಯಿಲೆ ಹೊಸದೇನಲ್ಲ. ‘ಓದಿ ಓದಿ ಮರುಳಾದ ಕೂಚುಭಟ್ಟ’ ಎಂಬ ಗಾದೆಯನ್ನು ಕೇಳದೆ ಬೆಳೆದ ಕನ್ನಡದ ಓದುಗರುಂಟೆ? ಊಟಕ್ಕೆ ಕರೆದರೂ ಪುಸ್ತಕದಿಂದ ತಲೆಯೆತ್ತದ ಹುಡುಗನಿಗೆ, ಒಲೆಯ ಮೇಲಿನ ಹಾಲು ಉಕ್ಕಿದರೂ ಕಾದಂಬರಿ ಕೆಳಗಿಡದ ಹುಡುಗಿಗೆ ಹಿರಿಯರು ಕೊಡುತ್ತಿದ್ದ ಬಿರುದು ಅದು. ಪಾಪ, ಕೂಚುಭಟ್ಟ ಓದಿದ್ದು ಏನನ್ನು, ಮರುಳಾಗಿ ಅವನು ಕಂಡದ್ದೇನು ಎಂದು ಯಾರೂ ವಿಚಾರಿಸುವುದಿಲ್ಲ. ಗಾದೆ ನೋಡುವವರದು, ಓದುವವನದಲ್ಲ.

ಮಿದುಳು ಒಣಗಿದ ಮಹಾಶಯ

ಪಶ್ಚಿಮದ ಕೂಚುಭಟ್ಟ ಯಾರೆಂದರೆ ಎಲ್ಲರೂ ಒಂದೇ ಹೆಸರು ಹೇಳುತ್ತಾರೆ: ಡಾನ್ ಕ್ವಿಕ್ಸೋಟ್. ಸ್ಪೇನಿನ ಸೆರ್ವಾಂಟಿಸ್ 1605ರಲ್ಲಿ ಮೊದಲ ಭಾಗವನ್ನೂ 1615ರಲ್ಲಿ ಎರಡನೆಯ ಭಾಗವನ್ನೂ ಪ್ರಕಟಿಸಿದ ಈ ಕಥೆಯ ನಾಯಕ ಹಳ್ಳಿಯ ಒಬ್ಬ ಮಧ್ಯವಯಸ್ಕ ಜಮೀನುದಾರ. ವೀರಯೋಧರ ಸಾಹಸಕಥೆಗಳ ಹುಚ್ಚು ಹತ್ತಿ, ಹೊಲ ಮಾರಿ ಪುಸ್ತಕ ಕೊಂಡ. ಸಂಜೆಯಿಂದ ಬೆಳಗಿನವರೆಗೆ ಓದಿದ. ನಿದ್ದೆ ಕಡಿಮೆಯಾಗಿ ಓದು ಹೆಚ್ಚಾಗಿ ಮಿದುಳೇ ಒಣಗಿಹೋಯಿತೆಂದು ಸೆರ್ವಾಂಟಿಸ್ ರೋಗನಿದಾನ ಮಾಡುತ್ತಾನೆ. ಗಾಳಿಗಿರಣಿಯನ್ನು ರಾಕ್ಷಸನೆಂದು ಬಗೆದು ಯುದ್ಧಕ್ಕೆ ಹೋದ ಕಥೆ ಎಲ್ಲರಿಗೂ ಗೊತ್ತಿರುವುದೇ.

ಗೊತ್ತಿರಬೇಕಾದ್ದು ಅವನಿಗೆ ಮಾಡಿದ ಚಿಕಿತ್ಸೆ. ಊರಿನ ಪಾದ್ರಿ, ಕ್ಷೌರಿಕ, ಮನೆಗೆಲಸದ ಹೆಂಗಸು, ಸೋದರಸೊಸೆ ನಾಲ್ವರೂ ಸೇರಿ ಪುಸ್ತಕದ ಕೋಣೆಗೆ ನುಗ್ಗುತ್ತಾರೆ. ಪುಸ್ತಕದೊಳಗಿನ ಮಾಂತ್ರಿಕರು ಎಲ್ಲಿ ಮೈಮೇಲೆ ಬರುತ್ತಾರೋ ಎಂಬ ಭಯದಿಂದ ಕೆಲಸದವಳು ಮಂತ್ರಿಸಿದ ತೀರ್ಥ ತಂದು ಪ್ರೋಕ್ಷಿಸಿ ಎನ್ನುತ್ತಾಳೆ. ಒಂದೊಂದೇ ಪುಸ್ತಕದ ವಿಚಾರಣೆ ನಡೆಯುತ್ತದೆ. ತಪ್ಪಿತಸ್ಥ ಪುಸ್ತಕಗಳು ಕಿಟಕಿಯಿಂದ ಅಂಗಳಕ್ಕೆ, ಅಲ್ಲಿಂದ ಬೆಂಕಿಗೆ. ಕೋಣೆಯ ಬಾಗಿಲಿಗೆ ಗೋಡೆ ಕಟ್ಟಿಬಿಡುತ್ತಾರೆ. ಎದ್ದು ಬಂದ ಕ್ವಿಕ್ಸೋಟ್ ತಡಕಾಡುತ್ತ ‘ನನ್ನ ಪುಸ್ತಕಗಳೆಲ್ಲಿ?’ ಎಂದರೆ, ಮಾಂತ್ರಿಕನೊಬ್ಬ ಬಂದು ಕೋಣೆ ಸಮೇತ ಒಯ್ದ ಎಂದು ಹೇಳುತ್ತಾರೆ. ಅವನು ತಕ್ಷಣ ನಂಬುತ್ತಾನೆ! ನಂಬದೇನು? ಅವನು ಓದಿದ ಪುಸ್ತಕಗಳಲ್ಲಿ ನಡೆಯುತ್ತಿದ್ದದ್ದೂ ಅದೇ ಅಲ್ಲವೆ? ರೋಗ ಬಿಡಿಸಲು ಹೊರಟವರು ಅದಕ್ಕೇ ಇನ್ನೊಂದು ಅಧ್ಯಾಯ ಬರೆದುಕೊಟ್ಟಂತಾಯಿತು. ಸ್ವಲ್ಪ ದಿನಕ್ಕೆ ಆತ ಸಾಂಕೋ ಪಾಂಜಾನನ್ನು ಜೊತೆಗಿಟ್ಟುಕೊಂಡು ಮತ್ತೆ ಹೊರಟ.

ಅಂದಹಾಗೆ, ಅಂದು ಮೊದಲು ಅಂಗಳಕ್ಕೆ ಬಿದ್ದ ಪುಸ್ತಕ ‘ಎಸ್ಪ್ಲಾಂಡಿಯಾನನ ಸಾಹಸಗಳು’. ಇದು ಸೆರ್ವಾಂಟಿಸ್ ಕಲ್ಪಿಸಿದ್ದಲ್ಲ, ಹದಿನಾರನೆಯ ಶತಮಾನದ ಮೊದಲಲ್ಲಿ ನಿಜವಾಗಿ ಮುದ್ರಣವಾಗಿದ್ದ ಕಥೆ. ಅದರಲ್ಲಿ ಒಂದು ದ್ವೀಪವಿದೆ. ಬರೀ ಚಿನ್ನ, ಬರೀ ವೀರವನಿತೆಯರು, ಕಲಾಫಿಯಾ ಎಂಬ ರಾಣಿ. ದ್ವೀಪದ ಹೆಸರು ಕ್ಯಾಲಿಫೋರ್ನಿಯಾ! ಈ ಕಥೆಗಳನ್ನು ಓದಿಕೊಂಡಿದ್ದ ಸ್ಪೇನಿನ ನಾವಿಕರು ಹೊಸ ಜಗತ್ತಿನ ಪಶ್ಚಿಮ ತೀರಕ್ಕೆ ಆ ಹೆಸರಿಟ್ಟರು. ಅಮೆರಿಕದ ವಸಾಹತುಗಳಿಗೆ ಇಂಥ ಕಟ್ಟುಕಥೆಗಳನ್ನು ಸಾಗಿಸಬಾರದೆಂದು ಸ್ಪೇನಿನ ದೊರೆತನ 1531ರಲ್ಲಿ ಆಜ್ಞೆಯನ್ನೇ ಹೊರಡಿಸಿತ್ತು. ಹಡಗುಗಳಲ್ಲಿ ಪುಸ್ತಕ ಹೋಗುವುದು ಮಾತ್ರ ನಿಲ್ಲಲಿಲ್ಲ. ಇಂದು ಆ ಕ್ಯಾಲಿಫೋರ್ನಿಯಾದಲ್ಲಿ ಕೂತು ಸಾಫ್ಟ್‌ವೇರ್ ಬರೆಯುತ್ತಿರುವ ಕನ್ನಡಿಗರ ವಿಳಾಸದಲ್ಲಿ ಇರುವುದು, ಸುಡಬೇಕಾದ್ದೆಂದು ತೀರ್ಪಾದ ಒಂದು ಪುಸ್ತಕದ ಕನಸು.

ಕ್ವಿಕ್ಸೋಟನಿಗೆ ಕೊನೆಗೆ ಗುಣವಾಯಿತು. ಹಾಸಿಗೆ ಹಿಡಿದವನು ಒಂದು ದಿನ ಎದ್ದು, ನಾನು ವೀರನಲ್ಲ, ಬರೀ ಅಲೊನ್ಸೊ ಕಿಹಾನೊ ಎಂದ. ಸಾಹಸಕಥೆ ಓದಿದವನನ್ನು ಮದುವೆಯಾದರೆ ಸೋದರಸೊಸೆಗೆ ಆಸ್ತಿಯಿಲ್ಲವೆಂದು ಉಯಿಲು ಬರೆಸಿದ. ಮೊದಲು ನಗುತ್ತಿದ್ದ ಸಾಂಕೋ ಪಾಂಜಾನೇ ಈಗ ಅಳುತ್ತ, ಸಾಯಬೇಡಿ ಧಣಿ, ಕುರುಬರ ವೇಷ ಹಾಕಿಕೊಂಡು ಇನ್ನೊಮ್ಮೆ ಹೊರಡೋಣ ಎಂದು ಬೇಡಿಕೊಂಡ. ಕ್ವಿಕ್ಸೋಟ್ ಒಪ್ಪಲಿಲ್ಲ. ಹುಚ್ಚು ಬಿಟ್ಟಿತು, ಜೀವವೂ ಹೋಯಿತು.

ಹೆದರಿಕೆ ಯಾರ ಓದಿನದು?

ಇದು ಕಥೆಯಾಯಿತು ಎನ್ನಬೇಡಿ. ನಿಜಜಗತ್ತಿನಲ್ಲೂ ಓದನ್ನು ರೋಗವೆಂದು ಕರೆದ ಕಾಲವೊಂದಿತ್ತು. ಹದಿನೆಂಟನೆಯ ಶತಮಾನದ ಕೊನೆಯಲ್ಲಿ ಜರ್ಮನಿಯಲ್ಲಿ ಕಾದಂಬರಿಗಳು ಮನೆಮನೆಗೆ ನುಗ್ಗಿದಾಗ ‘ಲೇಸೆಸುಖ್ಟ್’, ಅಂದರೆ ಓದಿನ ಚಟ ಎಂಬ ಪದವೇ ಬಳಕೆಗೆ ಬಂತು. ಕೂತು ಓದಿದರೆ ಜೀರ್ಣಶಕ್ತಿ ಕೆಡುತ್ತದೆ, ನರಗಳು ಸೋಲುತ್ತವೆ, ಮನೆಗೆಲಸ ಹಾಳಾಗುತ್ತದೆ ಎಂದು ಪಂಡಿತರು ಬರೆದರು. ಸ್ವಿಟ್ಜರ್ಲೆಂಡಿನ ಪ್ರಸಿದ್ಧ ವೈದ್ಯ ಟಿಸ್ಸೋ 1768ರಲ್ಲಿ ಓದುಬರಹದವರ ಆರೋಗ್ಯದ ಬಗ್ಗೆ ಒಂದು ಗ್ರಂಥವನ್ನೇ ಪ್ರಕಟಿಸಿದ. 1774ರಲ್ಲಿ ಗಯಟೆಯ ‘ವೆರ್ಟರ್’ ಬಂದಾಗ ತರುಣರು ಕಥಾನಾಯಕನಂತೆ ನೀಲಿ ಕೋಟು, ಹಳದಿ ಒಳಗೋಟು ತೊಟ್ಟು ತಿರುಗಿದರು. ನಾಯಕನ ಆತ್ಮಹತ್ಯೆಯನ್ನೂ ಅನುಕರಿಸಿಯಾರೆಂಬ ಭಯಕ್ಕೆ ಲೈಪ್‌ಜಿಗ್ ನಗರ 1775ರಲ್ಲಿ ಪುಸ್ತಕವನ್ನೂ ಆ ವೇಷವನ್ನೂ ನಿಷೇಧಿಸಿತು.

ಆ ಭಯವೆಲ್ಲ ಪೊಳ್ಳೆಂದು ತಳ್ಳಿಹಾಕುವಂತಿಲ್ಲ. ಕಥೆ ನಮ್ಮೊಳಗೆ ಇಳಿಯುತ್ತದೆ, ಇಳಿದು ಕೆಲಸ ಮಾಡುತ್ತದೆ ಎಂಬುದು ನಿಜವೇ. ಆದರೆ ಒಂದು ಮಾತು ಗಮನಿಸಿ. ಈ ರೋಗ ಯಾವಾಗಲೂ ತಗಲುತ್ತಿದ್ದದ್ದು ಹೆಂಗಸರಿಗೆ, ಹುಡುಗರಿಗೆ, ಆಳುಕಾಳುಗಳಿಗೆ! ಪಂಡಿತರು ಎಷ್ಟು ಓದಿದರೂ ಅದು ವಿದ್ವತ್ತು. ಅಡುಗೆಯವಳು ಓದಿದರೆ ಮಾತ್ರ ಚಟ. ಫ್ಲಾಬೇರನ ‘ಮದಾಮ್ ಬೋವರಿ’ಯಲ್ಲಿ ಕಾದಂಬರಿ ಓದಿ ಮನಸ್ಸು ಕೆಡಿಸಿಕೊಂಡ ಸೊಸೆಗೆ ಅತ್ತೆ ಸೂಚಿಸುವ ಮದ್ದೆಂದರೆ ಗ್ರಂಥಾಲಯದ ಚಂದಾ ನಿಲ್ಲಿಸುವುದು. ಆ ಕಾದಂಬರಿಯ ಮೇಲೇ 1857ರಲ್ಲಿ ಪ್ಯಾರಿಸ್ಸಿನಲ್ಲಿ ಮೊಕದ್ದಮೆ ನಡೆದು, ಲೇಖಕ ಖುಲಾಸೆಯಾದ.

ನಮ್ಮ ಭಾಷೆಯಂತೂ ಈ ಗುಟ್ಟನ್ನು ಪದದಲ್ಲೇ ಬಚ್ಚಿಟ್ಟುಕೊಂಡಿದೆ. ಬಾಣಭಟ್ಟನ ಕಥಾನಾಯಕಿ ‘ಕಾದಂಬರಿ’ಯ ಹೆಸರನ್ನೇ ಕನ್ನಡ, ಮರಾಠಿಗಳು ಒಂದು ಸಾಹಿತ್ಯಪ್ರಕಾರಕ್ಕೆ ಇಟ್ಟುಕೊಂಡವು. ಸಂಸ್ಕೃತದಲ್ಲಿ ಕಾದಂಬರಿ ಎಂದರೆ ಮದ್ಯವೂ ಹೌದು. ಬಾಣನು ಅರ್ಧಕ್ಕೆ ಬಿಟ್ಟುಹೋದ ಕಥೆಯನ್ನು ಮುಗಿಸಿದ ಅವನ ಮಗ ಈ ಎರಡರ್ಥದೊಡನೆ ಆಟವಾಡಿ, ಅಪ್ಪನ ಕೃತಿಯ ರಸ ಕುಡಿದು ಜನಕ್ಕೆ ಮೈಮೇಲೆ ಎಚ್ಚರವಿಲ್ಲ ಎಂಬರ್ಥದ ಮಾತು ಬರೆದ. ಅದೇ ಕಥೆಯನ್ನು ನಾಗವರ್ಮ ‘ಕರ್ಣಾಟಕ ಕಾದಂಬರಿ’ಯಾಗಿ ಕನ್ನಡಕ್ಕೆ ತಂದ. ಇನ್ನು ಮಳೆ ಬಾರದ ವರ್ಷ ಗುಡಿಯಲ್ಲಿ ಕುಮಾರವ್ಯಾಸನ ವಿರಾಟಪರ್ವ ಓದಿಸಿದ ಊರುಗಳೆಷ್ಟಿಲ್ಲ! ಗರುಡಪುರಾಣವನ್ನು ಸುಮ್ಮನೆ ಮನೆಯಲ್ಲಿ ಓದಬಾರದೆಂದು ಎತ್ತಿಟ್ಟವರೆಷ್ಟಿಲ್ಲ! ಓದು ಏನನ್ನಾದರೂ ಮಾಡಿಬಿಡುತ್ತದೆ ಎಂಬ ನಂಬಿಕೆ ನಮ್ಮಲ್ಲಿ ರಕ್ತಗತ.

ಮಾಂತ್ರಿಕರ ಔಷಧಿಶಾಲೆ

ಮಾಯಾಲೋಕದ ಕಥೆಗಾರರಿಗೆ ಈ ನಂಬಿಕೆಯೇ ಬಂಡವಾಳ. ‘ಅರೇಬಿಯನ್ ನೈಟ್ಸ್’ನಲ್ಲಿ ದುಬಾನ್ ಎಂಬ ವೈದ್ಯನ ಕಥೆಯಿದೆ. ತನ್ನ ರೋಗ ವಾಸಿಮಾಡಿದ ಅವನನ್ನೇ ರಾಜ ಚಾಡಿಮಾತು ಕೇಳಿ ಕೊಲ್ಲಿಸುತ್ತಾನೆ. ಸಾಯುವ ಮುನ್ನ ವೈದ್ಯ ಒಂದು ಪುಸ್ತಕ ಕೊಡುತ್ತಾನೆ. ಹಾಳೆಗಳು ಅಂಟಿಕೊಂಡಿವೆ. ರಾಜ ಬೆರಳಿಗೆ ಎಂಜಲು ಹಚ್ಚಿ ಪುಟ ತಿರುಗಿಸುತ್ತಾನೆ. ಪುಟಗಳಲ್ಲಿ ಅಕ್ಷರವಿಲ್ಲ, ಇದ್ದದ್ದು ವಿಷ! ಎಂಜಲು ಹಚ್ಚಿ ಪುಟ ತಿರುಗಿಸಬೇಡ ಎಂದು ಗದರುತ್ತಿದ್ದ ಮೇಷ್ಟರಿಗೆ ಇದಕ್ಕಿಂತ ಒಳ್ಳೆಯ ದೃಷ್ಟಾಂತ ಸಿಗಲಾರದು. ಇಟಲಿಯ ಉಂಬರ್ಟೊ ಇಕೋ 1980ರ ‘ದಿ ನೇಮ್ ಆಫ್ ದಿ ರೋಸ್’ ಕಾದಂಬರಿಯಲ್ಲಿ ಇದೇ ಉಪಾಯವನ್ನು ಹದಿನಾಲ್ಕನೆಯ ಶತಮಾನದ ಮಠವೊಂದಕ್ಕೆ ಒಯ್ದ.

ಇಂಗ್ಲೆಂಡಿನ ಟೆರಿ ಪ್ರ್ಯಾಚೆಟ್ ಈ ರೋಗವನ್ನು ನಗೆಯಾಗಿಸಿದ. 1983ರ ‘ದಿ ಕಲರ್ ಆಫ್ ಮ್ಯಾಜಿಕ್’ನಲ್ಲಿ ರಿನ್ಸ್‌ವಿಂಡ್ ಎಂಬ ಮಂತ್ರವಿದ್ಯಾರ್ಥಿ ಪಂದ್ಯಕ್ಕೆ ಬಿದ್ದು ಮುಟ್ಟಬಾರದ ಮಹಾಗ್ರಂಥವನ್ನು ತೆರೆಯುತ್ತಾನೆ. ಅದರೊಳಗಿನ ಎಂಟು ಮಹಾಮಂತ್ರಗಳಲ್ಲಿ ಒಂದು ನೆಗೆದು ಅವನ ತಲೆಯೊಳಗೆ ಕೂತುಬಿಡುತ್ತದೆ. ಅದಕ್ಕೆ ಹೆದರಿ ಬೇರಾವ ಮಂತ್ರವೂ ಆ ತಲೆಯೊಳಗೆ ನಿಲ್ಲುವುದಿಲ್ಲ. ಪಾಪ, ಮಂತ್ರವಾದಿಯಾದರೂ ಒಂದು ಮಂತ್ರವೂ ಬಾರದವನಾಗಿ ಉಳಿಯುತ್ತಾನೆ. ಒಂದೇ ಪುಸ್ತಕ ಓದಿ ಇನ್ನಾವ ವಿಚಾರಕ್ಕೂ ತಲೆಯಲ್ಲಿ ಜಾಗ ಕೊಡದ ಮಹನೀಯರು ನಿಮಗೂ ಪರಿಚಯವಿರಬಹುದು. ರೌಲಿಂಗ್‌ರ 1998ರ ಹ್ಯಾರಿ ಪಾಟರ್ ಕಥೆಯಲ್ಲಿ ಹಿಡಿದರೆ ಬಿಡಲಾಗದ ಒಂದು ಪುಸ್ತಕದ ಮಾತು ಬರುತ್ತದೆ. ಓದುಗ ಅದರಲ್ಲೇ ಮೂಗಿಟ್ಟುಕೊಂಡು, ಉಳಿದ ಕೆಲಸವನ್ನೆಲ್ಲ ಒಂದೇ ಕೈಯಲ್ಲಿ ಮಾಡಿಕೊಂಡು ತಿರುಗಬೇಕು!

ನಕ್ಕು ಹಗುರಾದೆವು. ಈಗ ಎಂಡೆಯ ರೋಗಿಯ ಬಳಿಗೆ ಮರಳೋಣ.

ಒಂದು ಬಯಕೆಗೆ ಒಂದು ನೆನಪು

ರೋಗಿಯ ಹೆಸರು ಬಾಸ್ಟಿಯನ್. ಹತ್ತು ಹನ್ನೊಂದರ ದಪ್ಪನೆಯ ಹುಡುಗ. ಶಾಲೆಯಲ್ಲಿ ಎಲ್ಲರೂ ಗೇಲಿ ಮಾಡುತ್ತಾರೆ. ತಾಯಿ ತೀರಿಕೊಂಡಿದ್ದಾಳೆ. ಹಲ್ಲಿನ ಕಟ್ಟು ತಯಾರಿಸುವ ತಂದೆ ಆ ದುಃಖದಲ್ಲಿ ಮೂಕನಂತಾಗಿದ್ದಾನೆ. ಒಂದೇ ಮನೆಯಲ್ಲಿದ್ದರೂ ಇಬ್ಬರ ನಡುವೆ ಗೋಡೆ. ಒಂದು ಬೆಳಿಗ್ಗೆ, ಅಟ್ಟಿಸಿಕೊಂಡು ಬಂದ ಹುಡುಗರಿಂದ ತಪ್ಪಿಸಿಕೊಳ್ಳಲು ಬಾಸ್ಟಿಯನ್ ಹಳೆಯ ಪುಸ್ತಕದ ಅಂಗಡಿಯೊಂದಕ್ಕೆ ನುಗ್ಗುತ್ತಾನೆ. ಅಲ್ಲಿ ಕಂಡ ಒಂದು ಪುಸ್ತಕ ಕದ್ದು, ಶಾಲೆಯ ಅಟ್ಟದಲ್ಲಿ ಅಡಗಿ ಓದತೊಡಗುತ್ತಾನೆ.

ಪುಸ್ತಕದೊಳಗಿನ ಫಂಟಾಸಿಯೆನ್ ಎಂಬ ಕಲ್ಪನಾಲೋಕಕ್ಕೂ ಒಂದು ರೋಗ ಬಡಿದಿದೆ. ಅಲ್ಲಿನ ಬಾಲಸಾಮ್ರಾಜ್ಞಿ ಹಾಸಿಗೆ ಹಿಡಿದಿದ್ದಾಳೆ. ‘ಶೂನ್ಯ’ ಎಂಬುದೊಂದು ಊರು ಕಾಡುಗಳನ್ನು ನುಂಗುತ್ತ ಬರುತ್ತಿದೆ. ಕಾರಣವೇನು? ಮನುಷ್ಯರು ಆ ಲೋಕಕ್ಕೆ ಬರುವುದನ್ನು ಬಿಟ್ಟಿದ್ದಾರೆ. ಸಾಮ್ರಾಜ್ಞಿಗೆ ಹೊಸ ಹೆಸರಿಡಲು ಒಬ್ಬ ಓದುಗ ಬೇಕು. ಇನ್ನೊಂದು ಭಯಂಕರ ವಿಷಯವನ್ನೂ ಅಲ್ಲಿನ ತೋಳವೊಂದು ಹೇಳುತ್ತದೆ. ಶೂನ್ಯಕ್ಕೆ ಸಿಕ್ಕ ಕಥೆಯ ಜೀವಿಗಳು ಸುಮ್ಮನೆ ಅಳಿಯುವುದಿಲ್ಲ, ನಮ್ಮ ಲೋಕಕ್ಕೆ ಬಂದು ಸುಳ್ಳುಗಳಾಗುತ್ತವೆ. ಕಥೆಯನ್ನು ಕಥೆಯೆಂದು ಓದುವುದನ್ನು ಜನ ಮರೆತಾಗ ಅದೇ ಕಥೆ ವದಂತಿಯಾಗಿ, ದ್ವೇಷವಾಗಿ, ಪ್ರಚಾರವಾಗಿ ಬರುತ್ತದೆಂದಲ್ಲವೆ ಇದರರ್ಥ? ಎಂಡೆಯ ತಂದೆ ಎಡ್ಗರ್ ಎಂಡೆ ಸ್ವಪ್ನಲೋಕದಂಥ ಚಿತ್ರಗಳ ಕಲಾವಿದ. ನಾಜಿ ಸರಕಾರ ಅವನ ಕಲೆಯನ್ನು ನಿಷೇಧಿಸಿತ್ತು. ಸುಳ್ಳುಗಳ ಆಳ್ವಿಕೆ ಎಂಥದೆಂದು ಮಗ ಬಾಲ್ಯದಲ್ಲೇ ಕಂಡವನು.

ಓದದಿರುವ ರೋಗ ಹೀಗೆ. ಇನ್ನು ಓದುವವನ ರೋಗ. ಬಾಸ್ಟಿಯನ್ ಸಾಮ್ರಾಜ್ಞಿಗೆ ಹೆಸರಿಟ್ಟು ಕೂಗಿದೊಡನೆ ಪುಸ್ತಕದೊಳಗೇ ಹೋಗಿಬಿಡುತ್ತಾನೆ. ಬಯಸಿದ್ದೆಲ್ಲ ಕೊಡುವ ಪದಕವೊಂದು ಅವನ ಕೊರಳಿಗೆ ಬೀಳುತ್ತದೆ. ಆದರೆ ಒಂದೊಂದು ಬಯಕೆ ಈಡೇರಿದಾಗಲೂ ಒಂದೊಂದು ನೆನಪು ಅಳಿಸಿಹೋಗುತ್ತದೆ. ಚೆಲುವನಾಗಬೇಕೆಂದ, ತಾನು ದಪ್ಪಗಿದ್ದದ್ದು ಮರೆತ. ಮುಂದೆ ಹುಡುಗರು ಗೇಲಿ ಮಾಡಿದ್ದೂ ಮರೆಯಿತು, ಶಾಲೆಯೂ ಮರೆಯಿತು. ಈ ರೋಗದ ಲಕ್ಷಣವೇ ಇದು: ಮೊದಲು ಹೋಗುವುದು ನೋವಿನ ನೆನಪುಗಳು. ಆದ್ದರಿಂದ ರೋಗಿಗೆ ತನಗೆ ರೋಗವಿದೆ ಎಂದೇ ತಿಳಿಯುವುದಿಲ್ಲ, ಬದಲಿಗೆ ಆರಾಮವೆನಿಸುತ್ತದೆ! ಎಚ್ಚರಿಸಲು ಬಂದ ಗೆಳೆಯ ಅಟ್ರೇಯು ವೈರಿಯಂತೆ ಕಾಣುತ್ತಾನೆ. ತಾನೇ ಚಕ್ರವರ್ತಿಯಾಗಬೇಕೆಂದು ಹೊರಟ ಬಾಸ್ಟಿಯನ್ ಅದೇ ಗೆಳೆಯನನ್ನು ಕತ್ತಿಯಿಂದ ಗಾಯಗೊಳಿಸುತ್ತಾನೆ. ಆಮೇಲೆ ಅವನು ತಲಪುವುದೇ ನಾವು ಮೊದಲು ನೋಡಿದ ಆ ಪಟ್ಟಣ. ನೆನಪೆಲ್ಲ ಮುಗಿದವನಿಗೆ ಬಯಸಲೂ ಬಾರದು, ಬಯಸಲು ಬಾರದವನು ಮನೆಗೆ ಹೋಗಲಾರ ಎಂದು ಕೋತಿ ವಿವರಿಸಿದಾಗ ಮೊದಲ ಸಲ ಅವನಿಗೆ ಭಯವಾಗುತ್ತದೆ.

ಕತ್ತಲ ಗಣಿಯಲ್ಲಿ ಒಂದು ಚಿತ್ರ

ಇಲ್ಲಿ ಪಾದ್ರಿ, ಕ್ಷೌರಿಕರು ಯಾರೂ ಬರುವುದಿಲ್ಲ. ಪುಸ್ತಕಕ್ಕೆ ಬೆಂಕಿಯಿಡುವುದಿಲ್ಲ. ರೋಗಿ ಹಿಂದಕ್ಕೂ ಓಡುವುದಿಲ್ಲ, ಕಥೆಯನ್ನು ಹಾದು ಮುಂದಕ್ಕೇ ಹೋಗಬೇಕು. ಉಳಿದಿರುವ ಕೆಲವೇ ಬಯಕೆಗಳನ್ನು ಎಣಿಸಿ ಎಣಿಸಿ ಖರ್ಚುಮಾಡುತ್ತ ಬಾಸ್ಟಿಯನ್ ನಡೆಯುತ್ತಾನೆ. ಚೆಲುವಾಗಲಿ ಶೂರತನವಾಗಲಿ ಈಗ ಬೇಡ, ತಾನಿರುವಂತೆಯೇ ಯಾರಾದರೂ ಪ್ರೀತಿಸಬೇಕು ಎಂಬುದೊಂದು ಬಯಕೆ. ಅದು ತೀರುವಾಗ ತಾಯಿ ತಂದೆಯ ನೆನಪು ಹೋಗುತ್ತದೆ. ತಾನೂ ಯಾರನ್ನಾದರೂ ಪ್ರೀತಿಸುವಂತಾಗಬೇಕೆಂಬುದು ಕೊನೆಯದು. ಅದಕ್ಕೆ ತೆರಬೇಕಾದ್ದು ಸ್ವಂತ ಹೆಸರು.

ಪ್ರೀತಿಸಲು ಯಾರಿದ್ದಾರೆ? ಯಾರೂ ನೆನಪಿಲ್ಲ. ಆಗ ಅವನು ಒಬ್ಬ ಕುರುಡ ಗಣಿಗಾರನ ಬಳಿ ಕೆಲಸಕ್ಕೆ ಸೇರುತ್ತಾನೆ. ಮನುಷ್ಯರು ಕಂಡು ಮರೆತ ಕನಸುಗಳೆಲ್ಲ ತೆಳ್ಳನೆಯ ಚಿತ್ರಗಳಾಗಿ ಆ ನೆಲದಡಿ ಪದರ ಪದರವಾಗಿ ಬಿದ್ದಿವೆ. ದಿನಗಟ್ಟಲೆ ಕತ್ತಲಲ್ಲಿ ಮಾತಿಲ್ಲದೆ ಅಗೆದು ಕೊನೆಗೆ ಅವನು ಒಂದು ಚಿತ್ರವನ್ನು ಮೇಲಕ್ಕೆ ತರುತ್ತಾನೆ. ಬಿಳಿಯ ಅಂಗಿ ತೊಟ್ಟ ಒಬ್ಬ ಮನುಷ್ಯ, ಕೈಯಲ್ಲಿ ಹಲ್ಲಿನ ಅಚ್ಚು, ಸುತ್ತ ಪಾರದರ್ಶಕವಾದ ಮಂಜುಗಡ್ಡೆ. ಅವನಾರೆಂದು ಬಾಸ್ಟಿಯನ್‌ಗೆ ಗೊತ್ತಿಲ್ಲ. ಆದರೂ ಆ ಮಂಜುಗಡ್ಡೆಯಿಂದ ಅವನನ್ನು ಬಿಡಿಸಬೇಕೆಂದು ಎದೆ ಒದ್ದಾಡುತ್ತದೆ.

ಆ ಚಿತ್ರವೇ ದಾರಿಯಾಗುತ್ತದೆ. ಹುಡುಗ ಮರೆತ ಹೆಸರನ್ನು, ಅವನಿಂದಲೇ ಗಾಯಗೊಂಡ ಅಟ್ರೇಯು ಅವನ ಪರವಾಗಿ ನೆನಪಿಟ್ಟುಕೊಂಡು ಹೇಳುತ್ತಾನೆ. ಜೀವಜಲ ಕುಡಿದು ಬಾಸ್ಟಿಯನ್ ಅಟ್ಟಕ್ಕೆ ಮರಳುತ್ತಾನೆ. ಬೊಗಸೆಯಲ್ಲಿ ತಂದೆಗಾಗಿ ತಂದ ನೀರು ದಾರಿಯಲ್ಲೇ ಚೆಲ್ಲಿಹೋಗಿದೆ. ಇಲ್ಲಿ ಕಳೆದದ್ದು ಒಂದು ರಾತ್ರಿ ಮಾತ್ರ. ತಂದೆ ಮಗನನ್ನು ಊರೆಲ್ಲ ಹುಡುಕಿದ್ದಾನೆ. ಮಗ ನಡೆದದ್ದನ್ನೆಲ್ಲ ಹೇಳುತ್ತಾನೆ. ಕೇಳುತ್ತ ಕೇಳುತ್ತ ಬಹುದಿನಗಳಿಂದ ಒಣಗಿದ್ದ ತಂದೆಯ ಕಣ್ಣಲ್ಲಿ ನೀರು ಬರುತ್ತದೆ. ತಾನು ತಂದದ್ದು ವ್ಯರ್ಥವಾಗಲಿಲ್ಲವೆಂದು ಹುಡುಗನಿಗೆ ಆಗ ತಿಳಿಯುತ್ತದೆ.

ಕದ್ದ ತಪ್ಪನ್ನು ಒಪ್ಪಿಕೊಳ್ಳಲು ಹೋದಾಗ ಅಂಗಡಿಯ ಮುದುಕ ಒಂದು ಗುಟ್ಟು ಬಿಟ್ಟುಕೊಡುತ್ತಾನೆ: ಅವನೂ ಹಿಂದೆ ಅಲ್ಲಿಗೆ ಹೋಗಿಬಂದವನೇ! ಅವನ ಪ್ರಕಾರ ಕೆಲವರು ಆ ಲೋಕಕ್ಕೆ ಹೋಗಲೇ ಆರರು. ಕೆಲವರು ಹೋಗಿ ಅಲ್ಲೇ ಉಳಿಯುತ್ತಾರೆ. ಇನ್ನು ಕೆಲವರು ಹೋಗಿ ಮರಳಿ ಬರುತ್ತಾರೆ. ಎರಡೂ ಲೋಕಗಳು ಗುಣವಾಗುವುದು ಈ ಮೂರನೆಯವರಿಂದ.

ಇಂಥ ಕಥೆಗಳು ಬರೀ ಪಲಾಯನ ಎಂದು ಅಂದಿನ ಜರ್ಮನಿಯ ವಿಮರ್ಶಕರು ಎಂಡೆಯನ್ನು ಆಕ್ಷೇಪಿಸಿದ್ದರು. ಮರುಳಾಗುವ ಅಪಾಯವನ್ನು ಅವರಿಗಿಂತ ಚೆನ್ನಾಗಿ ಅವನೇ ಬಲ್ಲವನಾಗಿದ್ದ. ಈ ಕಥೆ 1984ರಲ್ಲಿ ಸಿನಿಮಾ ಆದಾಗ ತನ್ನ ಆಶಯಕ್ಕೆ ಧಕ್ಕೆಯಾಯಿತೆಂದು ಜಗಳಕ್ಕೂ ನಿಂತ. ಆ ಚಿತ್ರ ಮುಗಿಯುವುದು ಪುಸ್ತಕದ ಅರ್ಧ ದಾರಿಯಲ್ಲಿ. ಹೋದದ್ದು ಉಳಿಯಿತು, ಮರಳುವ ಕಷ್ಟವೇ ಬಿಟ್ಟುಹೋಯಿತು. ಎಂಡೆ 1995ರಲ್ಲಿ ತೀರಿಕೊಂಡ.

ಇಂದು ನಮ್ಮ ಮನೆಗಳಲ್ಲಿ, ಬಸ್ಸುಗಳಲ್ಲಿ ಮೊಬೈಲಿನ ಮೇಲೆ ಬೆರಳಾಡಿಸುತ್ತ, ಒಂದು ಸಾಲು ಓದಿ ಮುಂದಕ್ಕೆ, ಇನ್ನೊಂದು ನೋಡಿ ಅದರಾಚೆಗೆ ತಳ್ಳುತ್ತ ಕೂತಾಗ ಆ ಅಕ್ಷರದ ದಾಳಗಳು ನೆನಪಾಗುತ್ತವೆ. ಅಂಥ ಹೊತ್ತಿನಲ್ಲಿ ಮನೆಯ ಮೂಲೆಯಲ್ಲಿ ಒಂದು ಮಗು ಕರೆದರೂ ಕೇಳಿಸದಂತೆ ಒಂದೇ ಪುಸ್ತಕದಲ್ಲಿ ಮುಳುಗಿದ್ದರೆ ಕೂಚುಭಟ್ಟನ ಗಾದೆ ಹೇಳುವ ಅವಸರ ಬೇಡ. ಪುಸ್ತಕ ಕಿತ್ತುಕೊಳ್ಳುವುದೂ ಬೇಡ. ಊಟ ಒಂದಿಷ್ಟು ಆರಿದರೆ ಆರಲಿ. ಮಗು ತಲೆಯೆತ್ತಿದಾಗ ಎದುರಿಗೆ ಯಾರಾದರೂ ಇರಬೇಕು, ಆಮೇಲೇನಾಯಿತು ಎಂದು ಕೇಳಬೇಕು, ಹೇಳಿದ್ದನ್ನು ಪೂರ್ತಿ ಕೇಳಿಸಿಕೊಳ್ಳಬೇಕು. ಕೂಚುಭಟ್ಟನನ್ನು ಹಾಗೆ ಒಬ್ಬರಾದರೂ ಕೇಳಿದ್ದರೆ ಅವನ ಗಾದೆಯ ಜೊತೆಗೆ ಅವನ ಕಥೆಯೂ ಇಂದು ನಮಗೆ ಸಿಗುತ್ತಿತ್ತು.